ಬಸವಣ್ಣ ಮೇಯ್ದ ಕಡಲೆಕಾಯಿ ಎಲ್ಲಿಯದು?



ಪ್ರತಿ ವರ್ಷ ಕಾರ್ತಿಕ ಮಾಸದ ಕೊನೆಯ ಸೋಮವಾರ ಬೆಂಗಳೂರಿನ ಬಸವನಗುಡಿಯಲ್ಲಿ ಕಡಲೆಕಾಯಿ ಪರಿಷೆ ನಡೆಯುತ್ತದೆ. ನಿಮ್ಮಲ್ಲಿ ಬಹಳ ಮಂದಿ ಅದನ್ನು ಕಂಡಿರಬಹುದು. ಕಾಣದವರು ಹೀಗೆ ಊಹಿಸಿಕೊಳ್ಳಿ: ದೊಡ್ಡ ಬಸವಣ್ಣನ ಗುಡಿಯ ಮುಂದಿನಿಂದ ಆರಂಭವಾಗಿ ರಾಮಕೃಷ್ಣ ಆಶ್ರಮದ ಕಡೆಗೆ ಸಾಗುವ ರಸ್ತೆಯ ಎರಡೂ ಬದಿಗೆ ಗೋಣಿತಾಟು ಹಾಸಿ, ಅದರ ಮೇಲೆ ಸೊಂಟದೆತ್ತರಕ್ಕೆ ಕಡಲೆಕಾಯಿ ಸುರಿದಿರುತ್ತಾರೆ. ಹಸಿಯದು, ಹುರಿದದ್ದು, ಉಪ್ಪು ಹಾಕಿ ಬೇಯಿಸಿದ್ದು. ನಡುನಡುವೆ ಬತ್ತಾಸು, ಕಡಲೆಪುರಿ, ಬಳೆ, ಬಲೂನು, ತಿರುಗುವ ತೊಟ್ಟಿಲು. ಕಾಲಿಟ್ಟಲ್ಲೆಲ್ಲ ಸಿಪ್ಪೆ. ಆ ದಿನ ಬಸವನಗುಡಿಯಲ್ಲಿ ಕಡಲೆಕಾಯಿ ತಿನ್ನದೆ ನಡೆಯುವವರನ್ನು ಹುಡುಕಿದರೂ ಸಿಗುವುದು ಕಷ್ಟ.

ಈ ಪರಿಷೆಗೊಂದು ಕಥೆಯಿದೆ. ಅದನ್ನು ನಿಮ್ಮ ಅಜ್ಜಿಯೋ ತಾತನೋ ಹೇಳಿರಬಹುದು. ಈಗ ಬಸವನಗುಡಿ ಎನ್ನುವ ಸ್ಥಳ ಹಿಂದೆ ಸುಂಕೇನಹಳ್ಳಿ. ಸುತ್ತ ಗವಿಪುರ, ಗುಟ್ಟಹಳ್ಳಿ, ಮಾವಳ್ಳಿ, ದಾಸರಹಳ್ಳಿ ಮೊದಲಾದ ಹಳ್ಳಿಗಳು. ರೈತರು ಅಲ್ಲಿ ಕಡಲೆಕಾಯಿ ಬೆಳೆಯುತ್ತಿದ್ದರು. ಬೆಳೆ ಕೈಗೆ ಬರುವ ಹೊತ್ತಿಗೆ ರಾತ್ರಿ ಒಂದು ಬಸವ ಬಂದು ಹೊಲವನ್ನೆಲ್ಲ ಮೇಯ್ದು ಹಾಳುಮಾಡುತ್ತಿತ್ತು. ಒಂದು ರಾತ್ರಿ ಕಾವಲು ಕುಳಿತವರು ಸಿಟ್ಟಿನಿಂದ ದೊಣ್ಣೆಯಲ್ಲಿ ಹೊಡೆದರು. ಬಸವ ಅಲ್ಲೇ ಕಲ್ಲಾಯಿತು. ಕಲ್ಲಾದದ್ದಷ್ಟೇ ಅಲ್ಲ, ದಿನದಿನಕ್ಕೂ ಬೆಳೆಯತೊಡಗಿತು. ಹೆದರಿದ ರೈತರು ಶಿವನನ್ನು ಬೇಡಿಕೊಂಡು, ಅದರ ತಲೆಯ ಮೇಲೆ ತ್ರಿಶೂಲವಿಟ್ಟು ಬೆಳವಣಿಗೆ ನಿಲ್ಲಿಸಿದರು. ಅಂದಿನಿಂದ ವರ್ಷದ ಮೊದಲ ಫಸಲನ್ನು ಬಸವಣ್ಣನಿಗೆ ಒಪ್ಪಿಸುವ ಹರಕೆ ಬಂತು. ಗುಡಿಯಲ್ಲಿರುವ ಸುಮಾರು 15 ಅಡಿ ಎತ್ತರದ, ಒಂದೇ ಕಲ್ಲಿನಲ್ಲಿ ಕಡೆದ ನಂದಿಯೇ ಆ ಬಸವ.

ಕಥೆ ಸೊಗಸಾಗಿದೆ. ಆದರೆ ಇತಿಹಾಸ ಓದುವವರು ಕಥೆಯನ್ನು ಕೇಳಿದ ಮೇಲೆ ಒಂದು ಲೆಕ್ಕವನ್ನೂ ಹಾಕಬೇಕಾಗುತ್ತದೆ.

ಗುಡಿ ಕಟ್ಟಿಸಿದವರು ಕೆಂಪೇಗೌಡರೆಂದು ಪರಂಪರೆ ಹೇಳುತ್ತದೆ. ಅವರು ಬೆಂಗಳೂರಿಗೆ ಕೋಟೆ ಹಾಕಿಸಿದ್ದು 1537ರಲ್ಲಿ. ಹಾಗಾದರೆ ಕಡಲೆಕಾಯಿಯ ಹೊಲ, ಬಸವನ ಕಾಟ ಇವೆಲ್ಲ ಅದಕ್ಕಿಂತ ಹಿಂದೆಯೇ ಇದ್ದಿರಬೇಕು. ಇಲ್ಲಿ ಸಸ್ಯಶಾಸ್ತ್ರ ಅಡ್ಡ ಬರುತ್ತದೆ. ಕಡಲೆಕಾಯಿ ನಮ್ಮ ದೇಶದ ಗಿಡವೇ ಅಲ್ಲ. ಅದರ ತವರು ದಕ್ಷಿಣ ಅಮೆರಿಕ, ಈಗಿನ ಬೊಲಿವಿಯ ಮತ್ತು ಉತ್ತರ ಅರ್ಜೆಂಟೀನದ ಸೀಮೆ. ಅಲ್ಲಿನ ಎರಡು ಕಾಡುಜಾತಿಗಳು ಬೆರೆತು ಈ ಗಿಡ ಹುಟ್ಟಿತು. ಕಾಡುಜಾತಿಗಳಲ್ಲಿ ತಲಾ 20 ವರ್ಣತಂತುಗಳಿದ್ದರೆ ನಾವು ತಿನ್ನುವ ಕಡಲೆಕಾಯಿಯಲ್ಲಿ 40. ಆ ಎರಡು ಕಾಡುಜಾತಿಗಳ ಪೂರ್ಣ ವಂಶವಾಹಿ ನಕ್ಷೆಯನ್ನು ವಿಜ್ಞಾನಿಗಳು 2016ರಲ್ಲಿ ಪ್ರಕಟಿಸಿದ ಮೇಲೆ ಈ ಸಂಬಂಧ ಇನ್ನಷ್ಟು ಸ್ಪಷ್ಟವಾಯಿತು. ಪೆರು ದೇಶದ ಪ್ರಾಚೀನ ನೆಲೆಗಳಲ್ಲಿ ಏಳು ಸಾವಿರ ವರ್ಷಕ್ಕೂ ಹಿಂದಿನ ಕಡಲೆಕಾಯಿಯ ಅವಶೇಷ ಸಿಕ್ಕಿದೆ.

ಕೊಲಂಬಸ್ ಆ ಕಡೆಗೆ ಹೋದದ್ದು 1492ರಲ್ಲಿ. ವಾಸ್ಕೋ ಡ ಗಾಮ ಕಲ್ಲಿಕೋಟೆಗೆ ಬಂದದ್ದು 1498ರಲ್ಲಿ. ಪೋರ್ಚುಗೀಸರು ಗೋವೆಯನ್ನು ಹಿಡಿದದ್ದು 1510ರಲ್ಲಿ. ಅಮೆರಿಕದ ಬೀಜವೊಂದು ಹಡಗೇರಿ, ಸಮುದ್ರ ದಾಟಿ, ಘಟ್ಟ ಹತ್ತಿ, 1537ಕ್ಕೆ ಮುಂಚೆಯೇ ಸುಂಕೇನಹಳ್ಳಿಯ ರೈತರು ರಾತ್ರಿ ಕಾವಲು ಕೂರುವಷ್ಟು ದೊಡ್ಡ ಬೆಳೆಯಾಗುವುದು ನಂಬಲು ಕಷ್ಟ. ಗುಡಿ ಹಳೆಯದು, ಅದರ ಪಕ್ಕದ ಕಹಳೆ ಬಂಡೆಯಂತೂ ಮನುಷ್ಯ ಹುಟ್ಟುವುದಕ್ಕಿಂತ ಎಷ್ಟೋ ಹಳೆಯದು. ಕಡಲೆಕಾಯಿ ಮಾತ್ರ ಆಮೇಲೆ ಬಂದ ನೆಂಟ.

ನೆಂಟನೆಂಬುದಕ್ಕೆ ಸಾಕ್ಷಿ ಅದರ ಹೆಸರಿನಲ್ಲೇ ಇದೆ. ಕಡಲೆ ಎಂದರೆ ನಾವು ಬೇಳೆ ಮಾಡುವ, ಹುರಿಗಡಲೆ ಮಾಡುವ ಹಳೆಯ ಕಾಳು. ಹೊಸದಾಗಿ ಬಂದ ಈ ಬೀಜ ನೋಡಲು ಅದರಂತೆ ಕಂಡಿತು, ಸಿಪ್ಪೆಯೊಳಗೆ ಕಾಯಿಯಾಗಿ ಬಂದಿತು, ಆದ್ದರಿಂದ ಕಡಲೆಕಾಯಿ. ಕರಾವಳಿಯವರು ನೆಲದೊಳಗೆ ಸಿಗುವ ಕಡಲೆಯೆಂದು ನೆಲಗಡಲೆ ಎಂದರು. ಉತ್ತರ ಕರ್ನಾಟಕದಲ್ಲಿ ಅದು ಶೇಂಗಾ. ತಮಿಳರು ಬೇರಿನ ಕಡಲೆ ಎಂದು ವೇರ್ಕಡಲೈ ಎಂದರು. ಗೊತ್ತಿಲ್ಲದ ಪದಾರ್ಥವನ್ನು ಗೊತ್ತಿರುವ ಪದಾರ್ಥದ ಹೆಸರಿನಿಂದ ಕರೆಯುವುದು ನಮ್ಮ ಅಡುಗೆಮನೆಯ ಹಳೆಯ ಕ್ರಮ. ಮೆಣಸಿನಕಾಯಿಯನ್ನೇ ನೋಡಿ. ಮೆಣಸು ನಮ್ಮದು, ಮಲೆನಾಡಿನದು. ಅದರಂತೆ ಖಾರವಾಗಿದ್ದ ಅಮೆರಿಕದ ಕಾಯಿ ಬಂದಾಗ ಮೆಣಸಿನಕಾಯಿ ಎಂದೆವು. ಇವತ್ತಿಗೂ ಎಷ್ಟೋ ಮನೆಗಳಲ್ಲಿ ಶ್ರಾದ್ಧದ ಅಡುಗೆಗೆ ಮೆಣಸಿನಕಾಯಿ ಹಾಕುವುದಿಲ್ಲ, ಕಾಳುಮೆಣಸೇ ಆಗಬೇಕು. ಯಾವುದು ಮೊದಲಿನಿಂದ ಇತ್ತು, ಯಾವುದು ಆಮೇಲೆ ಬಂತು ಎಂಬ ನೆನಪನ್ನು ಅಡುಗೆಮನೆ ಹೀಗೆ ಸದ್ದಿಲ್ಲದೆ ಇಟ್ಟುಕೊಂಡಿರುತ್ತದೆ.

ದಕ್ಷಿಣ ಭಾರತದಲ್ಲಿ ಕಡಲೆಕಾಯಿ ದೊಡ್ಡ ಬೆಳೆಯಾದದ್ದು 19ನೆಯ ಶತಮಾನದಲ್ಲಿ. ಅದಕ್ಕೆ ಒಂದು ಕಾರಣ ಫ್ರಾನ್ಸಿನ ಸಾಬೂನು ಎಂದರೆ ನಿಮಗೆ ಆಶ್ಚರ್ಯವಾದೀತು. ಮಾರ್ಸೇಲ್ಸ್ ನಗರದ ಗಾಣಗಳಿಗೆ, ಸಾಬೂನಿನ ಕಾರ್ಖಾನೆಗಳಿಗೆ ಎಣ್ಣೆಬೀಜ ಬೇಕಾಗಿತ್ತು. ಫ್ರೆಂಚರ ಕೈಯಲ್ಲಿದ್ದ ಪಾಂಡಿಚೇರಿ ಬಂದರಿನಿಂದ ಹಡಗುಗಟ್ಟಲೆ ಕಡಲೆಕಾಯಿ ಹೋಯಿತು. ಬೇಡಿಕೆ ಬಂದಂತೆ ಬೆಳೆ ಒಳನಾಡಿನಲ್ಲೂ ಹಬ್ಬಿತು. ಆಮೇಲೆ ಚಿತ್ರದುರ್ಗ ಜಿಲ್ಲೆಯ ಚಳ್ಳಕೆರೆ ಎಣ್ಣೆಗಿರಣಿಗಳಿಂದಲೇ ಹೆಸರಾದ ಊರಾಯಿತು. ಇಂದಿನ ತಮಿಳುನಾಡಿನ ತಿಂಡಿವನಂ ಕೇಂದ್ರದಿಂದ 1940ರಲ್ಲಿ ಬಂದ ಟಿ.ಎಂ.ವಿ.-2 ಎಂಬ ತಳಿಯನ್ನು ನಮ್ಮ ರೈತರು ದಶಕಗಟ್ಟಲೆ ಬಿತ್ತಿದರು.

ಹಾಗಾದರೆ ಬಸವನ ಕಥೆ ಸುಳ್ಳೇ? ಆತುರಪಡಬೇಡಿ. ವಿಜ್ಞಾನ ಓದಿದವನಾದ್ದರಿಂದ ನಾನೂ ಮೊದಮೊದಲು ಸುಳ್ಳು ಎಂದೇ ಹೇಳುತ್ತಿದ್ದೆ. ಗಿಡವನ್ನು ಸರಿಯಾಗಿ ನೋಡಿದ ಮೇಲೆ ಆ ಮಾತನ್ನು ಬಿಟ್ಟೆ.

ಕಡಲೆಕಾಯಿ ಗಿಡದ ವಿಚಿತ್ರ ನಿಮಗೆ ತಿಳಿದಿರಬೇಕು. ಹಳದಿ ಹೂವು ನೆಲದ ಮೇಲೆ ಅರಳುತ್ತದೆ. ಪರಾಗಸ್ಪರ್ಶವಾದ ಮೇಲೆ ಹೂವಿನ ಬುಡದಿಂದ ಸಣ್ಣ ದೇಟೊಂದು ಕೆಳಮುಖವಾಗಿ ಬೆಳೆದು ಮಣ್ಣಿಗಿಳಿಯುತ್ತದೆ. ಕಾಯಿ ಕಟ್ಟುವುದು ಅದರ ತುದಿಯಲ್ಲಿ, ಕತ್ತಲೆಯಲ್ಲಿ. ಆದ್ದರಿಂದ ಅದಕ್ಕೆ ಗಟ್ಟಿಮಣ್ಣು ಆಗದು. ಬೆಂಗಳೂರು, ಕೋಲಾರ ಸೀಮೆಯ ಸಡಿಲವಾದ ಕೆಂಪುಮಣ್ಣು ಹೇಳಿ ಮಾಡಿಸಿದಂತಿದೆ. ಕಾಯಿ ತನಗೆ ಬೇಕಾದ ಸುಣ್ಣದ ಅಂಶವನ್ನು ಬೇರಿನ ದಾರಿ ಕಾಯದೆ ಸುತ್ತಲಿನ ಮಣ್ಣಿನಿಂದ ನೇರವಾಗಿ ಹೀರುತ್ತದೆ. ಹೂ ಬಿಡುವ ಹೊತ್ತಿಗೆ ರೈತರು ಜಿಪ್ಸಂ ಹಾಕುವುದು ಇದಕ್ಕೇ. ಬೇರಿನ ಗಂಟುಗಳಲ್ಲಿರುವ ಸೂಕ್ಷ್ಮಜೀವಿಗಳು ಗಾಳಿಯ ಸಾರಜನಕವನ್ನು ಹಿಡಿದುಕೊಡುವುದರಿಂದ ಬಡ ಹೊಲದಲ್ಲೂ ಗಿಡ ಬದುಕುತ್ತದೆ.

ಈಗ ಆ ಬಸವನ ಬಗ್ಗೆ ಯೋಚಿಸಿ. ದನ ಮೇಯುವುದು ಕಾಯಿಯನ್ನಲ್ಲ, ಮೇಲಿನ ಹಸುರು ಬಳ್ಳಿಯನ್ನು. ಕಡಲೆಕಾಯಿ ಬಳ್ಳಿ ದನಗಳಿಗೆ ಎಷ್ಟು ಪ್ರಿಯವಾದ ಮೇವೆಂದು ಹಳ್ಳಿಯಿಂದ ಬಂದ ನಿಮ್ಮ ಸಹಪಾಠಿಗಳನ್ನು ಕೇಳಿ. ಮೇಲಿನ ಬಳ್ಳಿ ಹೋದರೆ ಕೆಳಗಿನ ಕಾಯಿ ತುಂಬುವುದಿಲ್ಲ. ಬಲಿತಿದ್ದರೂ ಹಿಡಿದು ಕೀಳಲು ಗಿಡವೇ ಇರುವುದಿಲ್ಲ, ಅರ್ಧ ಫಸಲು ಮಣ್ಣಲ್ಲೇ ಉಳಿಯುತ್ತದೆ. ಒಂದು ರಾತ್ರಿಯಲ್ಲಿ ವರ್ಷದ ದುಡಿಮೆ ಹಾಳಾಗುವ ಈ ಸಂಕಟ ಹೊಲ ಮಾಡಿದವರಿಗೇ ಗೊತ್ತು. ಆದುದರಿಂದ ಕಥೆ ಕಟ್ಟಿದವರು ಕಡಲೆಕಾಯಿಯನ್ನು ಬಿತ್ತಿ, ಕಾದು, ಕಳೆದುಕೊಂಡು ಬಲ್ಲ ಜನ ಎಂಬುದರಲ್ಲಿ ನನಗೆ ಸಂದೇಹವಿಲ್ಲ. ಗುಡಿಯ ಕಾಲಕ್ಕೆ ಅವರು ಸೇರಿದವರಲ್ಲ, ಅಷ್ಟೆ. ಮುಂಗಾರಿಗೆ ಬಿತ್ತಿದ ಬೆಳೆ ನೂರು, ನೂರಿಪ್ಪತ್ತು ದಿನಕ್ಕೆ ಬಲಿಯುತ್ತದೆ; ಕಿತ್ತು, ಬಿಡಿಸಿ, ಒಣಗಿಸುವ ಹೊತ್ತಿಗೆ ಕಾರ್ತಿಕ. ಸೋಮವಾರ ಶಿವನ ವಾರ, ಬಸವಣ್ಣ ಶಿವನ ವಾಹನ. ಹೊಸ ಬೆಳೆ ಹಳೆಯ ದೇವರ ಪಂಚಾಂಗಕ್ಕೆ ಹೀಗೆ ತಾನಾಗಿ ಹೊಂದಿಕೊಂಡಿತು. ಮುಂದಿನ ತಲೆಮಾರುಗಳಿಗೆ ಎರಡೂ ಒಂದೇ ಕಾಲದವೆಂದು ತೋರಿತು. ಕಥೆಗೆ ಇಸವಿಯಿಲ್ಲ, ಇಸವಿ ಅಂಟಿಸಿದವರು ನಾವು.

ಆ ಹೊಲಗಳು ಏನಾದವು? 1898ರಲ್ಲಿ ಬೆಂಗಳೂರಿಗೆ ಪ್ಲೇಗ್ ಬಂತು. ಪೇಟೆಯ ಇಕ್ಕಟ್ಟಿನ ಕೇರಿಗಳಲ್ಲಿ ಜನ ಸತ್ತರು. ಗಾಳಿ ಬೆಳಕಿರುವ ಕಡೆ ಮನೆ ಕಟ್ಟಿಕೊಳ್ಳಲೆಂದು ಉತ್ತರಕ್ಕೆ ಮಲ್ಲೇಶ್ವರ, ದಕ್ಷಿಣಕ್ಕೆ ಬಸವನಗುಡಿ ಬಡಾವಣೆಗಳು ಬೆಳೆದವು. ಅಗಲ ರಸ್ತೆ, ಅಡ್ಡರಸ್ತೆ, ನಿವೇಶನ. ಸುಂಕೇನಹಳ್ಳಿಯ ಹೊಲಗಳ ಮೇಲೆ ಮೇಷ್ಟರು, ಗುಮಾಸ್ತರು, ವಕೀಲರು ಬಂದು ನೆಲೆಸಿದರು. ಕಾರಂಜಿ ಕೆರೆ ಹೋಗಿ ಕಾರಂಜಿ ಆಂಜನೇಯನ ಹೆಸರಿನಲ್ಲಿ ಮಾತ್ರ ಉಳಿಯಿತು. ಬಸವನ ಕೈಯಿಂದ ಹೊಲ ಉಳಿಸಿಕೊಂಡವರಿಗೆ ಬಡಾವಣೆಯಿಂದ ಉಳಿಸಿಕೊಳ್ಳಲಾಗಲಿಲ್ಲ.

ಹೊಲ ಹೋದರೆ ಮೊದಲ ಫಸಲಿನ ಹರಕೆಯೂ ಹೋಗಬೇಕಾಗಿತ್ತು. ಹೋಗಲಿಲ್ಲ. ಇದೇ ನನಗೆ ಈ ಪರಿಷೆಯ ಬಹಳ ದೊಡ್ಡ ಸಂಗತಿ. ಹೊಸದಾಗಿ ಬಂದ ಬಡಾವಣೆಯವರು ಹಳ್ಳಿಯ ಹಬ್ಬವನ್ನು ತಮ್ಮದೆಂದರು. ಅವರು ಬೆಳೆಯಲಿಲ್ಲ, ಕೊಂಡರು. ಬೆಳೆಯುವವರು ದೂರದೂರದಿಂದ ಬರತೊಡಗಿದರು: ಚಿಂತಾಮಣಿ, ಶ್ರೀನಿವಾಸಪುರ, ಕೋಲಾರ, ಮಾಗಡಿ, ತುಮಕೂರು, ಆಂಧ್ರ, ತಮಿಳುನಾಡು. ಹಿಂದೆ ಎತ್ತಿನಗಾಡಿ, ಈಗ ಲಾರಿ. ರಾತ್ರಿ ರಾಶಿಯ ಪಕ್ಕದಲ್ಲೇ ಕಂಬಳಿ ಹೊದ್ದು ಮಲಗುತ್ತಾರೆ. ಅಲ್ಲಿಯ ಮನೆಗಳಲ್ಲಿ ಪರಿಷೆಯ ಮರುದಿನದಿಂದ ಕಡಲೆಕಾಯಿಯದೇ ಕಾರುಬಾರು: ಬೆಲ್ಲದ ಪಾಕದಲ್ಲಿ ಮಿಠಾಯಿ, ಚಟ್ನಿ, ಚಿತ್ರಾನ್ನದ ಒಗ್ಗರಣೆ, ಸಂಜೆ ಬಾಣಲೆಯ ಮರಳಿನಲ್ಲಿ ಹುರಿದದ್ದನ್ನು ಜಗಲಿಯಲ್ಲಿ ಕೂತು ಸುಲಿಯುವುದು. ಬೇರೆ ಬಡಾವಣೆಯ ನೆಂಟರಿಗೆ ಒಂದು ಚೀಲ ಹೋಗಲೇಬೇಕು. ಹೀಗೆ ಒಂದು ಬೀದಿಯ ಪ್ರಸಾದ ಊರಿನ ತಿಂಡಿಯಾಯಿತು. ಇತ್ತೀಚಿನ ವರ್ಷಗಳಲ್ಲಿ ಮಲ್ಲೇಶ್ವರದ ಕಾಡು ಮಲ್ಲಿಕಾರ್ಜುನ ದೇವಸ್ಥಾನದ ಬಳಿಯೂ ಕಡಲೆಕಾಯಿ ಪರಿಷೆ ನಡೆಯುತ್ತಿದೆ. ಬಸವನಗುಡಿಯ ಹಳಬರು ಇದನ್ನು ಕೇಳಿ ಸ್ವಲ್ಪ ಮೂಗು ಮುರಿಯುತ್ತಾರೆ. ಹಬ್ಬವೂ ಬೀಜದಂತೆಯೇ, ಒಳ್ಳೆಯ ಮಣ್ಣು ಸಿಕ್ಕಿದಲ್ಲಿ ಮೊಳೆಯುತ್ತದೆ ಎಂದು ನಾನು ಅವರಿಗೆ ಹೇಳುವುದುಂಟು.

ಒಂದು ದಿನದ ಪರಿಷೆ ಈಗ ಹಲವು ದಿನಗಳಿಗೆ ಹಿಗ್ಗಿದೆ. ಜನಸಂದಣಿ, ಧ್ವನಿವರ್ಧಕಗಳ ಗದ್ದಲ, ಪ್ಲಾಸ್ಟಿಕ್ಕು ಇವೆಲ್ಲದರ ದೂರು ಇದ್ದದ್ದೇ. ಪ್ಲಾಸ್ಟಿಕ್ ಬೇಡ, ಮನೆಯಿಂದ ಬಟ್ಟೆಚೀಲ ತನ್ನಿ ಎಂಬ ಪ್ರಚಾರವೂ ನಡೆದಿದೆ, ಅದು ಒಳ್ಳೆಯದೇ.

ಮುಂದಿನ ಕಾರ್ತಿಕದಲ್ಲಿ ನೀವು ಹೋದಾಗ ಒಂದು ಕೆಲಸ ಮಾಡಿ. ಕೊಳ್ಳುವ ಮೊದಲು ಮಾರುವವರನ್ನು, ಇದು ಯಾವ ಊರಿನದು, ಯಾವಾಗ ಬಿತ್ತಿದ್ದು, ಮಳೆ ಹೇಗಿತ್ತು ಎಂದು ಕೇಳಿ ಬರೆದುಕೊಳ್ಳಿ. ಹತ್ತು ರಾಶಿಗೆ ಹತ್ತು ಊರು ಸಿಗುತ್ತವೆ. ನಮ್ಮ ಕ್ಯಾಮೆರಾ ತಂಡದವರಿಗೆ ನಾನು ಹೇಳುವುದೂ ಇದನ್ನೇ: ರಾಶಿಯ ಚಿತ್ರ ಯಾರು ಬೇಕಾದರೂ ತೆಗೆದಾರು, ಊರಿನ ಹೆಸರು ಕೇಳದೆ ಬರಬೇಡಿ. ಕೇಳಿದವರಿಗೆ ಮಾರುವಾಕೆ ಅಳೆದು ಹಾಕಿದ ಮೇಲೆ ಇನ್ನೊಂದು ಹಿಡಿ ತೆಗೆದು, “ತಗೋ ಮಗಾ, ಕೊಸರು” ಎಂದು ಚೀಲಕ್ಕೆ ಹಾಕುತ್ತಾಳೆ. ಆ ಹಿಡಿಗೆ ಲೆಕ್ಕವಿಲ್ಲ.