ದೀರ್ಘರಾತ್ರಿಗೆ ಕಟ್ಟಿದ ಬುತ್ತಿ

1898ನೆಯ ಇಸವಿ ಮೇ 17ರಂದು, ದಕ್ಷಿಣ ಧ್ರುವಪ್ರದೇಶದ ಹಿಮಸಾಗರದಲ್ಲಿ ಸಿಕ್ಕಿಬಿದ್ದಿದ್ದ ‘ಬೆಲ್ಜಿಕ’ ಎಂಬ ಹಡಗಿನವರು ಸೂರ್ಯನನ್ನು ಕೊನೆಯ ಸಲ ಕಂಡರು. ಮತ್ತೆ ಆತನ ದರ್ಶನವಾದುದು ಎರಡು ತಿಂಗಳು ಕಳೆದು, ಜುಲೈ ತಿಂಗಳಲ್ಲಿ. ನಮ್ಮ ಮಹಾಕಾವ್ಯಗಳ ಅಷ್ಟಾದಶ ವರ್ಣನೆಗಳಲ್ಲಿ ಸಮುದ್ರವುಂಟು, ಋತುಗಳುಂಟು, ಸೂರ್ಯೋದಯ ಚಂದ್ರೋದಯಗಳುಂಟು. ಬೆಳಗೇ ಆಗದ ರಾತ್ರಿಯ ವರ್ಣನೆಯೊಂದಿಲ್ಲ. ನಮ್ಮ ಕವಿಗಳಿಗೆ ಅದರ ಅಗತ್ಯ ಬೀಳದುದು ಅವರ ಪುಣ್ಯ. ಅಂಥ ರಾತ್ರಿ ಮನುಷ್ಯನ ಚಿತ್ತವನ್ನು ಏನು ಮಾಡಬಲ್ಲುದು, ಅದಕ್ಕೆ ಮೊದಲೇ ಅಣಿಯಾದವರು ಹೇಗೆ ಉಳಿದರು ಎಂಬುದನ್ನು ಅರಿಯಬೇಕಾದರೆ ಎರಡು ಹಡಗುಗಳ ಚರಿತ್ರೆಯನ್ನು ಅಕ್ಕಪಕ್ಕದಲ್ಲಿಟ್ಟು ನೋಡಬೇಕು.

ಬೆಲ್ಜಿಕದ ನಾಯಕ ಆಡ್ರಿಯನ್ ದ ಜೆರ್ಲಾಷ್. 1897ರ ಆಗಸ್ಟಿನಲ್ಲಿ ಆತ ಆಂಟ್‌ವರ್ಪ್ ಬಂದರನ್ನು ಬಿಟ್ಟಾಗ, ಹಡಗಿನವರೆಲ್ಲರೂ ಹಿಮದ ನಡುವೆಯೇ ಚಳಿಗಾಲ ಕಳೆಯುವುದಕ್ಕೆ ತಕ್ಕ ಏರ್ಪಾಡು ಅದರಲ್ಲಿರಲಿಲ್ಲ. ಎಲ್ಲರಿಗೂ ಸಾಲುವಷ್ಟು ಬೆಚ್ಚನೆಯ ಉಡುಪೇ ಇರಲಿಲ್ಲ. ಕಂಬಳಿಗಳನ್ನು ಕತ್ತರಿಸಿ ಹೊಲಿದುಕೊಳ್ಳಬೇಕಾಯಿತು. 1898ರ ಮಾರ್ಚಿನಲ್ಲಿ ಹಿಮ ಹಿಡಿದ ಹಿಡಿ ಬಿಟ್ಟದ್ದು 1899ರ ಮಾರ್ಚಿನಲ್ಲಿ. ಕತ್ತಲೆ ಕವಿದ ಕೆಲವೇ ದಿನಗಳಲ್ಲಿ ಎಮಿಲ್ ಡಾಂಕೊ ಎಂಬ ವಿಜ್ಞಾನಿ ಹೃದ್ರೋಗದಿಂದ ತೀರಿಕೊಂಡ. ಅದೇ ತಿಂಗಳಲ್ಲಿ ಎಲ್ಲರ ಮುದ್ದಿನ ಬೆಕ್ಕೂ ಸತ್ತಿತು. ಒಬ್ಬ ನಾವಿಕನ ಬುದ್ಧಿ ಕೆಟ್ಟಿತು. ಉಳಿದವರ ಮುಖ ಬಿಳುಚಿ, ನಾಡಿಯ ಗತಿ ತಪ್ಪಿ, ಮಾತು ನಿಂತುಹೋಯಿತು. ಇದರ ಜೊತೆಗೆ ಸ್ಕರ್ವಿ ರೋಗ. ತಾಜಾ ಪೆಂಗ್ವಿನ್ ಮಾಂಸ ಬೇಕಾದಷ್ಟಿತ್ತು. ಆದರೆ ನಾಯಕನಿಗೆ ಅದು ಹಿಡಿಸದು. ಕೊನೆಗೆ ಆತನೇ ಹಾಸಿಗೆ ಹಿಡಿದು ಮರಣಶಾಸನ ಬರೆದಿಟ್ಟ.

ಆಗ ಹಡಗನ್ನು ಉಳಿಸಿದವನು ಫ್ರೆಡರಿಕ್ ಕುಕ್ ಎಂಬ ಅಮೆರಿಕದ ವೈದ್ಯ. (ಈತನೇ ಮುಂದೆ ಉತ್ತರಧ್ರುವವನ್ನು ಮೊದಲು ಮುಟ್ಟಿದವನು ತಾನೆಂದು ಹೇಳಿಕೊಂಡು ಅಪಕೀರ್ತಿಗೆ ಗುರಿಯಾದವನು. ಅದರಿಂದ ಅವನ ಇಲ್ಲಿಯ ಉಪಕಾರ ಕಡಿಮೆಯಾಗದು.) ಪೆಂಗ್ವಿನ್ ಮತ್ತು ಸೀಲ್ ಮಾಂಸವನ್ನು ಔಷಧವೆಂದು ತಿನ್ನಿಸಿದ. ರೋಗಿಗಳನ್ನು ಬರಿಮೈಯಲ್ಲಿ ಒಲೆಯ ಬೆಳಕಿಗೆ ಕೂರಿಸಿದ. ಹಡಗಿನ ಸುತ್ತ ಹಿಮದ ಮೇಲೆ ದಿನವೂ ನಡೆಯಿಸಿದ. ಮಾಂಸದಲ್ಲಿದ್ದ ಸಿ ಜೀವಸತ್ವದ ವಿಚಾರ ಅಂದು ಯಾರಿಗೂ ತಿಳಿಯದು. ಕತ್ತಲೆಯಿಂದ ಕುಗ್ಗುವ ಮನಸ್ಸಿಗೆ ಬೆಳಕಿನ ಚಿಕಿತ್ಸೆಯೆಂಬುದು ವೈದ್ಯರ ಗಮನಕ್ಕೆ ಚೆನ್ನಾಗಿ ಬಂದದ್ದು 1984ರ ಸುಮಾರಿಗೆ. ಆದರೂ ಇದೆಲ್ಲ ಮನೆಗೆ ಬೆಂಕಿ ಬಿದ್ದ ಮೇಲೆ ಬಾವಿ ತೋಡಿದಂತೆ. ಪುಣ್ಯಕ್ಕೆ ಆ ಬಾವಿಯಲ್ಲಿ ನೀರು ಬಿತ್ತು.

ಸತ್ತ ಬೆಕ್ಕಿನ ಹೆಸರು ‘ನಾನ್ಸೆನ್’. ಆ ಹೆಸರಿನ ಮಹನೀಯ, ನಾರ್ವೆಯ ಫ್ರಿಟ್ಯೋಫ್ ನಾನ್ಸೆನ್, ಇದಕ್ಕೆ ಐದು ವರ್ಷ ಮೊದಲೇ ಬಾವಿಯನ್ನು ತೋಡಿಯೇ ಹೊರಟಿದ್ದ. ‘ಜೆನೆಟ್’ ಎಂಬ ಹಡಗು 1881ರಲ್ಲಿ ಉತ್ತರದ ಹಿಮಕ್ಕೆ ಸಿಕ್ಕಿ ಪುಡಿಯಾಗಿತ್ತು. ಅದರ ಅವಶೇಷಗಳು 1884ರಲ್ಲಿ ಗ್ರೀನ್‌ಲೆಂಡಿನ ದಡಕ್ಕೆ ತೇಲಿಬಂದವು. ಹಿಮ ಹರಿಯುತ್ತದೆ, ಅದರೊಡನೆ ಹಡಗೂ ಹರಿಯಬಹುದು ಎಂದು ನಾನ್ಸೆನ್ ತರ್ಕಿಸಿದ. ಬೇಕೆಂದೇ ಸೆರೆಗೆ ಹೋಗುವವನಿಗೆ ಸೆರೆಮನೆಯನ್ನು ತಾನೇ ಕಟ್ಟಿಕೊಳ್ಳುವ ಅನುಕೂಲವುಂಟು. ಕಾಲಿನ್ ಆರ್ಚರ್ ಎಂಬ ಶಿಲ್ಪಿ ಕಟ್ಟಿದ ಆ ಹಡಗಿನ ಹೆಸರು ‘ಫ್ರಾಂ’. ನಾರ್ವೆಯ ನುಡಿಯಲ್ಲಿ ‘ಮುಂದಕ್ಕೆ’ ಎಂದರ್ಥ. ಹಿಮ ಅದುಮಿದರೆ ಮೇಲಕ್ಕೆ ಜಾರಿ ಏಳುವಂತೆ ಅದರ ಒಡಲು ದುಂಡಗಿತ್ತು. ಇದು ಎಲ್ಲ ಪುಸ್ತಕಗಳಲ್ಲಿಯೂ ಉಂಟು. ನನಗೆ ಹೆಚ್ಚು ಮೆಚ್ಚುಗೆಯಾಗುವುದು ಒಳಗಿನ ವ್ಯವಸ್ಥೆ.

ಗೋಡೆ, ನೆಲ, ಮಾಳಿಗೆಗಳ ಪದರಗಳಲ್ಲಿ ಬಿರಟೆ ತೊಗಟೆ, ಉಣ್ಣೆಯ ಹಾಸು, ಹಿಮಸಾರಂಗದ ರೋಮ ತುಂಬಿದ್ದರು. ಐದು ವರ್ಷದ ಆಹಾರವಿತ್ತು. ಅದೂ ಒಂದೇ ಬಗೆಯದಲ್ಲ. ಸುಮಾರು 600 ಪುಸ್ತಕಗಳು, ಒಂದು ಆರ್ಗನ್ ವಾದ್ಯ, ಇಸ್ಪೀಟು. ಗಾಳಿಯಂತ್ರದಿಂದ ವಿದ್ಯುತ್ ಹುಟ್ಟಿಸಿ, 1893ರ ಅಕ್ಟೋಬರಿನಲ್ಲಿ, ಸೂರ್ಯ ಮರೆಯಾಗುವ ಕಾಲಕ್ಕೆ ಸರಿಯಾಗಿ ದೀಪ ಹೊತ್ತಿಸಿದರು. ಹದಿಮೂರು ಮಂದಿಯೂ ಒಂದೇ ಕೋಣೆಯಲ್ಲಿ, ಒಂದೇ ಮೇಜಿನ ಸುತ್ತ, ಒಂದೇ ಅಡುಗೆ ಉಂಡರು. ನಾಯಕನಿಗೊಂದು ಪಂಕ್ತಿ, ನಾವಿಕನಿಗೊಂದು ಪಂಕ್ತಿ ಎಂಬುದಿಲ್ಲ. ಪ್ರತಿಯೊಬ್ಬನಿಗೂ ಕೆಲಸವುಂಟು. ಕೈಬರಹದ ಪತ್ರಿಕೆಯೂ ಒಂದಿತ್ತು. ಹುಟ್ಟುಹಬ್ಬಗಳನ್ನು ಬಿಡಲಿಲ್ಲ. 1894ರ ಮೇ 17ರಂದು, ಅಂದರೆ ತಮ್ಮ ನಾಡಹಬ್ಬದಂದು, ಧ್ವಜ ಹಿಡಿದು ಹಿಮದ ಮೇಲೆ ಮೆರವಣಿಗೆ ಹೊರಟರು. ನೋಡುವವರಾರು? ಯಾರೂ ಇಲ್ಲ. ಹಬ್ಬ ನೋಡುವವರಿಗಾಗಿ ಇರಲಿಲ್ಲ. ಮೂರು ವರ್ಷಗಳ ಮೇಲೆ, 1896ರ ಆಗಸ್ಟಿನಲ್ಲಿ, ಹದಿಮೂರು ಮಂದಿಯೂ ಊರು ಸೇರಿದರು. ಸ್ಕರ್ವಿ ಸುಳಿಯಲಿಲ್ಲ.

ಬರಲಿರುವ ಕ್ಲೇಶಕ್ಕೆ ಬೇಕಾದ ಬಲವನ್ನು ಅದು ಬರುವ ಮೊದಲೇ ಕೂಡಿಡಬೇಕೆಂಬುದನ್ನು ಆಸ್ಪಿನ್‌ವಾಲ್ ಮತ್ತು ಟೇಲರ್ ಎಂಬ ಅಮೆರಿಕದ ಮನಶ್ಶಾಸ್ತ್ರಜ್ಞೆಯರು 1997ರಲ್ಲಿ ಶಾಸ್ತ್ರವಾಗಿ ನಿರೂಪಿಸಿದರು. ಫ್ರಾಂ ಅದನ್ನು ಮರಗೆಲಸದಲ್ಲಿ ನಿರೂಪಿಸಿತ್ತು. ಹಾಗೆಂದು ಅಲ್ಲಿ ದುಃಖವೇ ಇರಲಿಲ್ಲವೆಂದಲ್ಲ. ನಾನ್ಸೆನ್ನನ ದಿನಚರಿಯಲ್ಲಿ ವಿಷಾದದ ಪುಟಗಳು ಕಡಿಮೆಯಿಲ್ಲ. ರೋಗಿಗಳಿಲ್ಲದೆ ಕೈಕಟ್ಟಿ ಕುಳಿತ ಹಡಗಿನ ವೈದ್ಯ ಮಾರ್ಫಿಯಾ ಚಟಕ್ಕೆ ಬಿದ್ದ. 1895ರ ಮಾರ್ಚಿನಲ್ಲಿ ನಾನ್ಸೆನ್, ಯಾಲ್ಮಾರ್ ಯೋಹಾನ್ಸೆನ್ ಎಂಬ ಸಂಗಡಿಗನೊಡನೆ ಹಡಗನ್ನು ಬಿಟ್ಟು ಧ್ರುವದತ್ತ ನಡೆದ. 86 ಡಿಗ್ರಿ ದಾಟಿ, ಹಿಂದಿರುಗಿ, ಕಲ್ಲಿನ ಗುಡಿಸಿಲೊಂದರಲ್ಲಿ ಕರಡಿಯ ಮಾಂಸ ತಿಂದುಕೊಂಡು ಇಬ್ಬರೇ ಚಳಿಗಾಲ ಕಳೆದರು. ಒಂದೇ ಚೀಲದಲ್ಲಿ ಮಲಗುತ್ತಿದ್ದರೂ, ಹೊಸವರ್ಷದ ಹಿಂದಿನ ರಾತ್ರಿಯವರೆಗೆ ಒಬ್ಬರನ್ನೊಬ್ಬರು ‘ನೀವು’ ಎಂದೇ ಕರೆಯುತ್ತಿದ್ದು, ಅಂದಿನಿಂದ ‘ನೀನು’ ಎಂದರಂತೆ. ವ್ಯಾಕರಣ ಕಲಿಸುವವನಿಗೆ ಮರೆಯಲಾಗದ ಸಂಗತಿ.

ಎರಡೂ ಪಾಠಗಳನ್ನು ಕೂಡಿಸಿಕೊಂಡವನು ರೋಆಲ್ಡ್ ಅಮುಂಡ್ಸೆನ್. ಬೆಲ್ಜಿಕದ ಆ ಕತ್ತಲೆಯಲ್ಲಿ ಆತ ಅಧಿಕಾರಿಯಾಗಿದ್ದು ಕುಕ್‌ನ ಉಪಚಾರಗಳನ್ನು ಕಣ್ಣಾರೆ ಕಂಡಿದ್ದ; 1910ರಲ್ಲಿ ದಕ್ಷಿಣಕ್ಕೆ ಹೊರಟದ್ದು ಅದೇ ಫ್ರಾಂ ಹಡಗಿನಲ್ಲಿ. 1911ರಲ್ಲಿ ಒಂಬತ್ತು ಮಂದಿ ದಡದ ಮೇಲಿನ ಮನೆಯೊಂದರಲ್ಲಿ ನಾಲ್ಕು ತಿಂಗಳ ಇರುಳನ್ನು ಕಳೆದರು. ಮೊದಲಿನಿಂದಲೇ ಸೀಲ್ ಮಾಂಸ. ಹಗಲು ಕೆಲಸ, ಸಂಜೆಯಾದರೆ ಬಿಡುವು, ಶನಿವಾರ ಹಬೆಯ ಸ್ನಾನ. ದಿನವೂ ಬೆಳಗ್ಗೆ ಹೊರಗೆ ಹೋಗಿ ಬಂದು ಉಷ್ಣಮಾನವೆಷ್ಟೆಂದು ಊಹಿಸಬೇಕು. ಚೆನ್ನಾಗಿ ಊಹಿಸಿದವನಿಗೆ ಬಹುಮಾನ. ಹಾಸಿಗೆಯಿಂದೆಬ್ಬಿಸಿ ಗಾಳಿಗೆ ತರುವುದಕ್ಕೂ, ಬೆಳಗಿನ ಮಾತಿಗೊಂದು ವಿಷಯ ಒದಗಿಸುವುದಕ್ಕೂ ಇದಕ್ಕಿಂತ ಅಗ್ಗದ ಉಪಾಯ ನನಗೆ ತೋರದು. ಆ ವರ್ಷ ಡಿಸೆಂಬರ್ 14ರಂದು ಅವರಲ್ಲಿ ಐವರು ದಕ್ಷಿಣಧ್ರುವ ಮುಟ್ಟಿದರು.

ಯೋಹಾನ್ಸೆನ್ ಆ ಒಂಬತ್ತು ಮಂದಿಯಲ್ಲಿದ್ದ. ಆ ಐವರಲ್ಲಿ ಇರಲಿಲ್ಲ. ಸೆಪ್ಟೆಂಬರಿನಲ್ಲಿ ಅವಸರದಿಂದ ಹೊರಟು ಚಳಿ ತಾಳದೆ ಮರಳಿದಾಗ, ಸಂಗಡಿಗರನ್ನು ಹಿಂದೆ ಬಿಟ್ಟು ಬಂದುದಕ್ಕಾಗಿ ಎಲ್ಲರೆದುರಿಗೇ ನಾಯಕನನ್ನು ಆಕ್ಷೇಪಿಸಿದ. ಅದು ಕ್ಷಮೆಯಿಲ್ಲದ ಅಪರಾಧವಾಯಿತು. 1912ರಲ್ಲಿ ಹೋಬಾರ್ಟ್ ಬಂದರಿನಿಂದ ಆತನನ್ನು ಉಳಿದವರಿಂದ ಬೇರ್ಪಡಿಸಿ, ಒಂಟಿಯಾಗಿ ಊರಿಗೆ ಕಳುಹಿಸಿದರು. ಎರಡು ಧ್ರುವಗಳ ದೀರ್ಘರಾತ್ರಿಗಳನ್ನು ದಾಟಿದ್ದ ಆತ 1913ರ ಜನವರಿಯಲ್ಲಿ, ದೀಪಗಳು ತುಂಬಿದ ಕ್ರಿಶ್ಚಿಯಾನಿಯ ನಗರದಲ್ಲಿ, ತನ್ನ ಪ್ರಾಣವನ್ನು ತಾನೇ ಕಳೆದುಕೊಂಡ. ಆಗ ಆತನಿಗೆ 45 ವರ್ಷ.