ಕಪ್ ಎತ್ತೋಕೆ ಎಷ್ಟು ಮ್ಯಾಚ್ ಗೆಲ್ಲಬೇಕು?

ಇವತ್ತು ರಾಜಕೀಯ ಬೇಡ. ಒಂದು ಲೆಕ್ಕ ಮಾಡೋಣ. ಸಣ್ಣ ಲೆಕ್ಕ, ಆದರೆ ಅದರ ಹಿಂದೆ ನಮ್ಮ ಭಾಗದ ತೊಂಬತ್ತು ವರ್ಷದ ಇತಿಹಾಸ ಇದೆ.

ಲೀಗ್ ಮುಗಿದ ಮೇಲೆ ಕಪ್ ಕೈಗೆ ಬರೋಕೆ ಎಷ್ಟು ಪಂದ್ಯ ಆಡಬೇಕು? ಅಮೆರಿಕ, ಕೆನಡಾದಲ್ಲಿ ಐಸ್ ಹಾಕಿ ಲೀಗ್ ಒಂದಿದೆ. 1893ರಿಂದ ಕೊಡುತ್ತಾ ಬಂದಿರುವ ಸ್ಟಾನ್ಲಿ ಕಪ್‌ಗಾಗಿ ಆಡೋದು. ಅಲ್ಲಿ ಲೀಗ್ ಮುಗಿದ ಮೇಲೆ 16 ತಂಡ ಉಳಿಯುತ್ತವೆ, ನಾಲ್ಕು ಸುತ್ತು. ಪ್ರತಿ ಸುತ್ತಿನಲ್ಲೂ ಅದೇ ಎದುರಾಳಿ ಜೊತೆ ಏಳು ಪಂದ್ಯದ ಸರಣಿ, ಯಾರು ಮೊದಲು ನಾಲ್ಕು ಗೆಲ್ತಾರೋ ಅವರು ಮುಂದಕ್ಕೆ. ಒಟ್ಟು 15 ಸರಣಿ. ಕಡಿಮೆ ಅಂದ್ರೆ 60 ಪಂದ್ಯ, ಹೆಚ್ಚು ಅಂದ್ರೆ 105. ಕಪ್ ಎತ್ತುವ ತಂಡ 16 ಪಂದ್ಯ ಗೆಲ್ಲಲೇಬೇಕು. ಆದರೆ ನೋಡಿ, ಹನ್ನೆರಡು ಸೋತರೂ ಅದು ಚಾಂಪಿಯನ್ ಆಗಬಹುದು! ಹನ್ನೆರಡು ಸೋಲನ್ನು ಆ ವ್ಯವಸ್ಥೆ ಕ್ಷಮಿಸುತ್ತೆ.

ನಮ್ಮಲ್ಲಿ? ಆರ್‌ಸಿಬಿ 2025ರಲ್ಲಿ ಪ್ಲೇಆಫ್‌ನಲ್ಲಿ ಆಡಿದ್ದು ಎರಡೇ ಪಂದ್ಯ. ಎರಡೂ ಪಂಜಾಬ್ ಮೇಲೆ. ಹದಿನೆಂಟು ವರ್ಷ ಕಾದಿದ್ದು ಎರಡು ಪಂದ್ಯದಲ್ಲಿ ಮುಗೀತು. ಐಪಿಎಲ್ ಪ್ಲೇಆಫ್ ಅಂದ್ರೆ ಒಟ್ಟು ನಾಲ್ಕೇ ಮ್ಯಾಚ್. ಮೊದಲ ಎರಡು ಸ್ಥಾನದವರು ಒಂದು ಸಲ ಸೋತರೂ ಇನ್ನೊಂದು ಅವಕಾಶ ಇದೆ, ಮೂರು ನಾಲ್ಕನೆಯವರಿಗೆ ಅದೂ ಇಲ್ಲ.

ಇದೆಲ್ಲ ಸೇಡಂ, ಚಿತ್ತಾಪುರ, ವಾಡಿ, ಶಹಾಬಾದ್, ಚಿಂಚೋಳಿಗೆ ಏನು ಸಂಬಂಧ ಅಂತೀರಾ? ಹೇಳ್ತೀನಿ ಕೇಳಿ.

1934. ರಣಜಿ ಟ್ರೋಫಿ ಶುರುವಾಯಿತು. ಮೊದಲ ಪಂದ್ಯ ನವೆಂಬರ್ 4ರಂದು ಮದ್ರಾಸಿನ ಚೆಪಾಕ್‌ನಲ್ಲಿ, ಮದ್ರಾಸ್ ಮತ್ತು ಮೈಸೂರು ನಡುವೆ. ಒಂದೇ ದಿನದಲ್ಲಿ ಮುಗಿದು ಹೋಯಿತು! ಮೈಸೂರಿಗೆ ಇನಿಂಗ್ಸ್ ಸೋಲು. ಎ.ಜಿ. ರಾಮ್ ಸಿಂಗ್ ಹನ್ನೊಂದು ವಿಕೆಟ್ ಕಿತ್ತರು. ಮೈಸೂರಿನವರ ಆ ವರ್ಷದ ಟೂರ್ನಿ ಅಲ್ಲಿಗೇ ಮುಗೀತು. ಯಾಕಂದ್ರೆ ಆಗ ಲೀಗ್ ಇರಲಿಲ್ಲ. ಇಡೀ ಟೂರ್ನಿಯೇ ನಾಕೌಟ್. 15 ತಂಡ, 14 ಪಂದ್ಯ. ಒಂದು ತಂಡ ಉಳಿಯೋವರೆಗೆ ಉಳಿದವರೆಲ್ಲ ಒಂದೊಂದು ಸಲ ಸೋಲಬೇಕು, ಅಷ್ಟೇ ಲೆಕ್ಕ.

ಆದರೆ ಆ ಮೈಸೂರು ತಂಡ ನಮ್ಮದಾಗಿರಲಿಲ್ಲ. ನಮ್ಮದು ಅಂದ್ರೆ ಗುಲ್ಬರ್ಗಾ ಜಿಲ್ಲೆಯವರದ್ದು. ಸೇಡಂ, ಚಿತ್ತಾಪುರ, ಚಿಂಚೋಳಿ ಎಲ್ಲ ಆಗ ನಿಜಾಮರ ಸೀಮೆ. ನಮ್ಮ ಪಾಲಿಗೆ ಬಂದಿದ್ದ ತಂಡ ಹೈದರಾಬಾದ್. ಆ ತಂಡ 1937-38ರಲ್ಲಿ ಏನು ಮಾಡ್ತು ಗೊತ್ತಾ?

ಫೈನಲ್‌ಗೆ ಹೋಯಿತು. ಎದುರಾಳಿ ನವಾನಗರ. ಸಾಮಾನ್ಯ ತಂಡ ಅಲ್ಲ, ಹಿಂದಿನ ವರ್ಷದ ಚಾಂಪಿಯನ್. ಟ್ರೋಫಿಗೆ ಯಾರ ಹೆಸರು ಇಟ್ಟಿದ್ದಾರೋ ಆ ರಣಜಿತ್ ಸಿಂಹಜೀ ಆಳಿದ ಸಂಸ್ಥಾನವೇ ಅದು. ಮೊದಲ ಇನಿಂಗ್ಸ್‌ನಲ್ಲಿ ನವಾನಗರ 152, ಹೈದರಾಬಾದ್ ಬರೀ 113. ಎರಡನೆಯದರಲ್ಲಿ ಅವರು 270. ಅಂದ್ರೆ ಗೆಲ್ಲೋಕೆ 310 ಬೇಕು. ಹಿಂದಿನ ಇನಿಂಗ್ಸ್‌ನಲ್ಲಿ ನೂರಾ ಹದಿಮೂರು ಹೊಡೆದ ತಂಡಕ್ಕೆ ಮುನ್ನೂರಾ ಹತ್ತು! ಎದುಲ್ಜಿ ಐಬಾರಾ ಅನ್ನೋ ಪಾರ್ಸಿ ಆಟಗಾರ ನಿಂತುಬಿಟ್ಟರು. ಅಜೇಯ 137. ಒಂಬತ್ತು ವಿಕೆಟ್ ಬಿದ್ದಿತ್ತು, ಕೊನೆಯ ಜೋಡಿ ಕ್ರೀಸ್‌ನಲ್ಲಿತ್ತು, ಹೈದರಾಬಾದ್ ಒಂದೇ ವಿಕೆಟ್‌ನಿಂದ ಗೆದ್ದಿತು. ಏಳು ಪಂದ್ಯದ ಸರಣಿ ಇರಲಿಲ್ಲ ಸ್ವಾಮಿ. ಆ ಕೊನೆಯ ವಿಕೆಟ್ ಬಿದ್ದಿದ್ದರೆ ಮುಂದಿನ ವರ್ಷವೇ ಗತಿ.

ಮೈಸೂರು ಸೀಮೆಯ ಕನ್ನಡಿಗರಿಗೆ ರಣಜಿ ಕಪ್ ಸಿಗೋಕೆ ಇನ್ನೂ 36 ವರ್ಷ ಬೇಕಿತ್ತು. ನಮ್ಮ ಕಡೆಯವರ ತಂಡ ಆಗಲೇ ಗೆದ್ದು ಕೂತಿತ್ತು. ಕರ್ನಾಟಕದ ಕ್ರಿಕೆಟ್ ಇತಿಹಾಸ ಹೇಳುವಾಗ ಯಾರಾದರೂ ಇದನ್ನ ಹೇಳ್ತಾರಾ? ಇಲ್ಲ. ಹೈದರಾಬಾದಿನ ಇತಿಹಾಸದಲ್ಲೂ ಸೇಡಂ, ಚಿತ್ತಾಪುರದ ಹೆಸರು ಬರೋದಿಲ್ಲ ಅನ್ನಿ. ಕಲ್ಯಾಣ ಕರ್ನಾಟಕದ ಹಣೆಬರಹವೇ ಇದು, ಎರಡೂ ಮನೆಯ ಫೋಟೋದಲ್ಲಿ ನಾವು ಅಂಚಿನಲ್ಲಿ ನಿಂತಿರ್ತೀವಿ.

ಆ ಕಾಲದ ನಾಕೌಟ್ ಬಗ್ಗೆ ಇನ್ನೊಂದು ಮಾತು. ಪಂದ್ಯದ ಸಂಖ್ಯೆ ಕಡಿಮೆ, ಆದರೆ ಒಂದೊಂದು ಪಂದ್ಯಕ್ಕೂ ಕೊನೆಯೇ ಇರ್ತಿರಲಿಲ್ಲ. 1948-49ರ ಸೆಮಿಫೈನಲ್, ಪುಣೆಯಲ್ಲಿ, ಮುಂಬೈ ಮತ್ತು ಮಹಾರಾಷ್ಟ್ರ. ಏಳು ದಿನ ಆಡಿದರು. ನಾಲ್ಕು ಇನಿಂಗ್ಸ್ ಸೇರಿ 2,376 ರನ್. ಐಸ್ ಹಾಕಿಯವರು ಏಳು ಮ್ಯಾಚ್ ಆಡಿ ತೀರ್ಮಾನ ಮಾಡಿದ್ದನ್ನ ಇವರು ಒಂದೇ ಮ್ಯಾಚ್‌ನಲ್ಲಿ ಏಳು ದಿನ ಆಡಿ ಮಾಡಿದ್ರು.

1956, ನವೆಂಬರ್ 1. ಗುಲ್ಬರ್ಗಾ ಜಿಲ್ಲೆ ಮೈಸೂರು ರಾಜ್ಯಕ್ಕೆ ಸೇರಿತು. ಸಿನಿಮಾ, ಕಚೇರಿ, ಪಠ್ಯಪುಸ್ತಕ ಬದಲಾದ ಹಾಗೆ ನಮ್ಮ ತಂಡವೂ ಬದಲಾಯಿತು. ಕಾಗದದ ಮೇಲೆ! ರೈಲು ಬದಲಾಗಲಿಲ್ಲ ನೋಡಿ. ವಾಡಿಯಿಂದ ಸಿಕಂದರಾಬಾದಿಗೆ 1874ರಲ್ಲಿ ನಿಜಾಮರ ರೈಲು ಹಾಕಿದ್ದಾರೆ. ಚಿತ್ತಾಪುರ, ಸೇಡಂ ಆ ದಾರಿಯಲ್ಲೇ ಇರೋ ಊರು. ಇವತ್ತಿಗೂ ಸೇಡಂನವರಿಗೆ ದೊಡ್ಡಾಸ್ಪತ್ರೆ ಅಂದ್ರೂ ಹೈದರಾಬಾದೇ ಹತ್ತಿರ, ಮ್ಯಾಚ್ ಅಂದ್ರೂ ಹೈದರಾಬಾದೇ ಹತ್ತಿರ. ಚಿಂಚೋಳಿಯವರಿಗಂತೂ ರೈಲೇ ಇಲ್ಲ, ಆ ಮಾತು ಇನ್ನೊಂದು ದಿನ.

ರಣಜಿಯಲ್ಲೂ ಬದಲಾವಣೆ ಆಯಿತು. 1957-58ರಿಂದ ವಲಯದೊಳಗೆ ಲೀಗ್ ಬಂತು. ಅಂದ್ರೆ ಒಂದು ಸೋಲಿಗೆ ಮನೆಗೆ ಹೋಗೋದು ತಪ್ಪಿತು. ಆದರೆ ಫಲ ಯಾರಿಗೆ ಸಿಕ್ತು? ಮುಂಬೈಗೆ. 1958-59ರಿಂದ 1972-73ರವರೆಗೆ ಸತತ ಹದಿನೈದು ಸಲ ಗೆದ್ದರು. ಪಂದ್ಯ ಹೆಚ್ಚಾದಷ್ಟೂ ಬಲಿಷ್ಠ ತಂಡಕ್ಕೇ ಅನುಕೂಲ ಅನ್ನೋ ವಾದ ಇದೆಯಲ್ಲ, ಅದನ್ನ ತಳ್ಳಿಹಾಕೋಕೆ ಆಗಲ್ಲ. ಸಣ್ಣ ತಂಡಕ್ಕೆ ಒಂದು ದಿನದ ಅದೃಷ್ಟ ಸಾಕು, ಏಳು ದಿನದ ಅದೃಷ್ಟ ಯಾರಿಗೂ ಇರಲ್ಲ.

ಆ ಸರಪಳಿ ತುಂಡು ಮಾಡಿದ್ದು ಯಾರು? ಕರ್ನಾಟಕ! 1973-74. ರಾಜ್ಯಕ್ಕೆ ಕರ್ನಾಟಕ ಅಂತ ಹೆಸರು ಬಂದ ಅದೇ ಋತು. ಬೆಂಗಳೂರಿನಲ್ಲಿ ಸೆಮಿಫೈನಲ್, ಎದುರಿಗೆ ಮುಂಬೈ. ವಿಶ್ವನಾಥ್ 162, ಬ್ರಿಜೇಶ್ ಪಟೇಲ್ 106, ತಂಡ 385. ಮುಂಬೈ ನಾಯಕ ವಾಡೇಕರ್ ರನೌಟ್ ಆದರು, ತಂಡ 307ಕ್ಕೆ ನಿಂತಿತು. ಇನಿಂಗ್ಸ್ ಮುನ್ನಡೆಯಲ್ಲೇ ಹದಿನೈದು ವರ್ಷದ ಸಾಮ್ರಾಜ್ಯ ಉರುಳಿತು. ಆಮೇಲೆ ಜೈಪುರದಲ್ಲಿ ಫೈನಲ್, ಪ್ರಸನ್ನ ನಾಯಕತ್ವದಲ್ಲಿ ರಾಜಸ್ಥಾನದ ಮೇಲೆ 185 ರನ್ ಗೆಲುವು. ಈ ಕಪ್ ಗುಲ್ಬರ್ಗಾದವರದ್ದೂ ಹೌದು. ಹೆಸರಿನಲ್ಲಾದರೂ.

ನಾಕೌಟ್ ಕೊಟ್ಟ ಹಾಗೆ ಕಿತ್ತುಕೊಂಡೂ ಇದೆ. 1981-82ರ ಫೈನಲ್ ದೆಹಲಿಯಲ್ಲಿ. ಕರ್ನಾಟಕ 705 ರನ್ ಹೊಡೀತು. ಏಳುನೂರಾ ಐದು! ಯಾರಾದರೂ ಸೋಲ್ತಾರಾ? ಸೋತರು. ಎಂಟು ವಿಕೆಟ್ ಹೋದ ಮೇಲೂ ರಾಕೇಶ್ ಶುಕ್ಲಾ, ರಾಜೇಶ್ ಪೀಟರ್ ಔಟಾಗದೆ ನಿಂತು ದೆಹಲಿಯನ್ನ 707ಕ್ಕೆ ತಲುಪಿಸಿದರು. ಎರಡು ರನ್ ಮುನ್ನಡೆ, ಕಪ್ ಅವರದ್ದು. 2010ರ ಜನವರಿಯಲ್ಲಿ ಮೈಸೂರಿನ ಫೈನಲ್‌ನಲ್ಲಿ ಮನೀಶ್ ಪಾಂಡೆ 144 ಹೊಡೆದರೂ ಮುಂಬೈ ಎದುರು ಆರು ರನ್ ಸೋಲು. ಸರಣಿ ಇದ್ದಿದ್ದರೆ ಮರುದಿನ ಇನ್ನೊಂದು ಕೈ ನೋಡಬಹುದಿತ್ತು. ಇರಲಿಲ್ಲ.

2013-14ರಲ್ಲಿ ವಿನಯ್ ಕುಮಾರ್ ತಂಡ ಎಂಟು ಲೀಗ್, ಮೂರು ನಾಕೌಟ್ ಆಡಿ ಮಹಾರಾಷ್ಟ್ರವನ್ನ ಏಳು ವಿಕೆಟ್‌ನಿಂದ ಸೋಲಿಸಿ ಕಪ್ ಎತ್ತಿದ್ದು ಎಲ್ಲಿ ಗೊತ್ತಾ? ಹೈದರಾಬಾದ್‌ನಲ್ಲಿ! ಸೇಡಂನಲ್ಲಿ ರೈಲು ಹತ್ತಿದವರಿಗೆ ತಮ್ಮ ಹಳೆಯ ರಾಜಧಾನಿಯಲ್ಲಿ ತಮ್ಮ ಹೊಸ ರಾಜ್ಯ ಗೆಲ್ಲೋದು ನೋಡೋ ಯೋಗ.

ಈಗ ನಿಜವಾದ ವಿಷಯಕ್ಕೆ ಬರ್ತೀನಿ. 2022ರ ಆಗಸ್ಟ್. ಕರ್ನಾಟಕ ಕ್ರಿಕೆಟ್ ಸಂಸ್ಥೆಯ ಮಹಾರಾಜ ಟ್ರೋಫಿ ಟಿ20. ಆರು ತಂಡ, ಅದರಲ್ಲೊಂದು ಗುಲ್ಬರ್ಗಾ ಮಿಸ್ಟಿಕ್ಸ್. ಆಗಸ್ಟ್ 26ರ ಫೈನಲ್‌ನಲ್ಲಿ ಮನೀಶ್ ಪಾಂಡೆ ನಾಯಕತ್ವದ ಗುಲ್ಬರ್ಗಾ 3 ವಿಕೆಟ್‌ಗೆ 220, ಬೆಂಗಳೂರು ಬ್ಲಾಸ್ಟರ್ಸ್ 9ಕ್ಕೆ 209. ಹನ್ನೊಂದು ರನ್ ಗೆಲುವು. 1938ರ ನಂತರ ನಮ್ಮ ಜಿಲ್ಲೆಯ ಹೆಸರನ್ನೇ ಹೊತ್ತು ಬಂದ ಕಪ್!

ಟೂರ್ನಿ ಎಲ್ಲಿ ನಡೀತು? ಮೈಸೂರು, ಬೆಂಗಳೂರು. ಗುಲ್ಬರ್ಗಾ ಹೆಸರಿನ ತಂಡ ಗುಲ್ಬರ್ಗಾದಲ್ಲಿ ಒಂದೇ ಒಂದು ಪಂದ್ಯ ಆಡದೆ ಚಾಂಪಿಯನ್ ಆಯಿತು. ಆಮೇಲಿನ ಸೀಸನ್‌ಗಳೂ ಅಲ್ಲೇ. ಕಾರಣ ಹೇಳ್ತಾರೆ: ಫ್ಲಡ್‌ಲೈಟ್, ಟಿವಿ ಪ್ರಸಾರ, ಹೋಟೆಲ್, ಖರ್ಚು. ಒಪ್ಪಿದೆ. ಹೊರದೇಶದ ಆ ಐಸ್ ಹಾಕಿಯಲ್ಲಿ ಸರಣಿ ಯಾಕೆ ಇಟ್ಟಿದ್ದಾರೆ? ನ್ಯಾಯಕ್ಕಷ್ಟೇ ಅಲ್ಲ. ಎರಡೂ ಊರಿಗೆ ಪಂದ್ಯ ಹೋಗಬೇಕು, ಎರಡೂ ಊರಿನ ಜನ ಟಿಕೆಟ್ ತಗೊಂಡು ಕೂರಬೇಕು. ಅದರಲ್ಲಿ ದುಡ್ಡಿದೆ, ಸುಳ್ಳಲ್ಲ. ಆದರೆ ಆ ಊರಿನ ಹುಡುಗನೂ ಅಲ್ಲಿ ಕೂತು ನೋಡ್ತಾನಲ್ಲ?

ನಮ್ಮ ಹುಡುಗರಿಗೆ ಎಷ್ಟು ಪಂದ್ಯ ಸಿಗುತ್ತೆ? ವಾಡಿಯ ಸಿಮೆಂಟ್ ಕಾರ್ಖಾನೆ ಕಾಲೊನಿ, ಶಹಾಬಾದಿನ ಕಲ್ಲುಗಣಿ ಕೆಲಸದವರ ಓಣಿ, ಮಳಖೇಡದ ಸುತ್ತಿನ ಹಳ್ಳಿ, ಎಲ್ಲ ಕಡೆ ಬೇಸಿಗೆಯಲ್ಲಿ ಟೆನಿಸ್ ಬಾಲ್ ಟೂರ್ನಮೆಂಟ್. ಪೆಂಡಾಲ್, ಮೈಕು, ದಾನಿಗಳ ಬ್ಯಾನರ್. ಅಲ್ಲಿ ಇವತ್ತಿಗೂ ನಡೆಯೋದು 1934ರ ನಿಯಮ, ಸೋತರೆ ಔಟ್. ಚಂದಾ ಎತ್ತಿ ಎಂಟ್ರಿ ಫೀ ಕಟ್ಟಿ, ಟಂಟಂ ಬಾಡಿಗೆ ಮಾಡಿಕೊಂಡು ಬಂದ ಹುಡುಗರು ಬೆಳಗ್ಗೆ ಒಂಬತ್ತಕ್ಕೆ ಟಾಸ್ ಹಾಕಿ ಹತ್ತೂವರೆಗೆ ವಾಪಸ್. "ಇನ್ನೊಂದ್ ಮ್ಯಾಚ್ ಕೊಡ್ರಿ ಅಣ್ಣಾ" ಅಂದ್ರೆ ಕೊಡೋಕೆ ಯಾರಿಗೂ ಅಧಿಕಾರ ಇಲ್ಲ. ಮೊದಲ ಓವರಿನಲ್ಲಿ ಔಟಾದ ಹುಡುಗ ಆ ದಿನ ಆಡಿದ್ದು ಎರಡು ಎಸೆತ.

16 ತಂಡದ ನಾಕೌಟ್ ಅಂದ್ರೆ 15 ಪಂದ್ಯ. ಎಂಟು ತಂಡ ಒಂದೇ ಆಟಕ್ಕೆ ಮನೆಗೆ. ಅದೇ 16 ತಂಡವನ್ನ ನಾಲ್ಕು ಗುಂಪು ಮಾಡಿ, ಗುಂಪಿನೊಳಗೆ ಎಲ್ಲರೂ ಎಲ್ಲರ ಜೊತೆ ಆಡಲಿ. 24 ಪಂದ್ಯ. ನಾಲ್ಕು ಗುಂಪಿನ ಮೊದಲಿಗರಿಗೆ ಎರಡು ಸೆಮಿಫೈನಲ್, ಒಂದು ಫೈನಲ್. ಒಟ್ಟು 27. ಕೊನೆಯ ಸ್ಥಾನದ ತಂಡಕ್ಕೂ ಮೂರು ಮ್ಯಾಚ್ ಸಿಕ್ಕಿತು. ಹೆಚ್ಚಾಗಿದ್ದು ಹನ್ನೆರಡು ಪಂದ್ಯ. ಎಂಟು ಓವರಿನ ಆಟ, ದಿನಕ್ಕೆ ಆರು ಅಂತ ಹಿಡಿದರೂ ಪೆಂಡಾಲ್ ಮತ್ತು ಮೈಕಿನ ಬಾಡಿಗೆ ಎರಡು ದಿನ ಜಾಸ್ತಿ.