ಈಜಿಪ್ಟ್ ಮತ್ತು ಗ್ರೀಕ್ ಪುರಾಣಗಳಲ್ಲಿ ಪ್ರಾಣಿಗಳು ಮತ್ತು ದೇವತೆಗಳು

ಪ್ರಾಚೀನ ಈಜಿಪ್ಟಿನಲ್ಲೂ ಗ್ರೀಸಿನಲ್ಲೂ ದೇವತೆಗಳನ್ನು ಪ್ರಾಣಿಗಳ ಮೂಲಕ ಗುರುತಿಸುತ್ತಿದ್ದರು. ಗುರುತಿಸುವ ಬಗೆ ಮಾತ್ರ ಬೇರೆ ಬೇರೆ. ಈಜಿಪ್ಟಿನ ಹಲವು ದೇವರುಗಳಿಗೆ ಮನುಷ್ಯನ ಮೈ, ಪ್ರಾಣಿಯ ತಲೆ. ಗ್ರೀಕ್ ದೇವರು ಸಾಮಾನ್ಯವಾಗಿ ಪೂರ್ತಿ ಮನುಷ್ಯರೂಪಿ. ಪ್ರಾಣಿ ಅವನ ಪಕ್ಕದಲ್ಲೋ ಕೈಯ ಮೇಲೋ ಕೂತಿರುತ್ತದೆ. ಭಾರತೀಯ ಓದುಗರಿಗೆ ಇದನ್ನು ಕಂಡಾಗ ವಾಹನಗಳ ನೆನಪಾಗುವುದು ಸಹಜ. ಆದರೆ ಗ್ರೀಕ್ ದೇವತೆ ಅಥೆನಾ ತನ್ನ ಹಕ್ಕಿಯಾದ ಗೂಬೆಯನ್ನು ಏರಿ ಹೋಗುವುದಿಲ್ಲ.

ಈಜಿಪ್ಟಿನಲ್ಲಿ ಈ ಸಂಬಂಧ ಬಹಳ ಹಳೆಯದು. ಕ್ರಿ.ಪೂ. ಸುಮಾರು 3100ರ ನಾರ್ಮರ್ ಅರಸನ ಕಲ್ಲುಹಲಗೆಯ ಮೇಲಂಚಿನಲ್ಲಿ ಹಸುವಿನ ಕೊಂಬು, ಕಿವಿಗಳಿರುವ ದೇವಿಯ ಮುಖವಿದೆ. ಕೆಳಗೆ ಹೋರಸ್ ದೇವರ ಗಿಡುಗ ಶತ್ರುವನ್ನು ಹಗ್ಗದಿಂದ ಹಿಡಿದಿದೆ. ಪ್ರಾಣಿಯ ಆಯ್ಕೆಯ ಹಿಂದೆ ನೈಲ್ ದಂಡೆಯ ಜನರ ದಿನನಿತ್ಯದ ನೋಟವಿದೆ. ಮರುಭೂಮಿಯ ಅಂಚಿನ ಗೋರಿಗಳ ಸುತ್ತ ನರಿಗಳು ಸುಳಿಯುತ್ತಿದ್ದವು, ಹೆಣಗಳನ್ನು ಕೆದಕುತ್ತಿದ್ದವು. ಆ ನರಿಯೇ ಸತ್ತವರನ್ನು ಕಾಯುವ ಅನುಬಿಸ್ ಆಯಿತು. ಅವನ ಮೈಬಣ್ಣ ನರಿಯದಲ್ಲ. ಅದು ನೈಲ್ ತಂದು ಹರಡುವ ಮೆಕ್ಕಲು ಮಣ್ಣಿನ ಕಪ್ಪು, ಮರುಹುಟ್ಟಿನ ಬಣ್ಣ. ಸಗಣಿಯ ಉಂಡೆಯನ್ನು ಉರುಳಿಸಿಕೊಂಡು ಹೋಗುವ ಸಗಣಿ ಹುಳುವಿನಲ್ಲಿ ಅವರು ಸೂರ್ಯನನ್ನು ಉರುಳಿಸುವ ಖೆಪ್ರಿಯನ್ನು ಕಂಡರು. ಬರವಣಿಗೆಯ ದೇವರು ಥಾತ್‌ಗೆ ಬಾಗಿದ ಕೊಕ್ಕಿನ ಐಬಿಸ್ ಹಕ್ಕಿ ಮತ್ತು ಬಬೂನ್ ಕೋತಿ ಎರಡೂ ಸಲ್ಲುತ್ತವೆ. ಸೋಬೆಕ್‌ಗೆ ಮೊಸಳೆ, ಖ್ನೂಮ್‌ಗೆ ಟಗರು, ಹಾಥರ್‌ಗೆ ಹಸು.

ಸೆಖ್ಮೆಟ್ ಹೆಣ್ಣುಸಿಂಹದ ತಲೆಯವಳು. ಮನುಷ್ಯಕುಲವನ್ನು ಸಂಹರಿಸಲು ಹೊರಟ ಅವಳನ್ನು, ಕೆಂಪು ಬಣ್ಣ ಬೆರೆಸಿದ ಬಿಯರನ್ನು ನೆತ್ತರೆಂದು ನಂಬಿಸಿ ಕುಡಿಸಿ, ಮತ್ತೇರಿಸಿ ತಡೆದರೆಂದು ಕಥೆ. ಸೌಮ್ಯಳಾದ ಬಾಸ್ಟೆಟ್ ಬರಬರುತ್ತ ಬೆಕ್ಕಿನ ರೂಪ ತಾಳಿದಳು. ಬುಬಾಸ್ಟಿಸ್ ನಗರದಲ್ಲಿ ಅವಳ ಜಾತ್ರೆಗೆ ಜನ ದೋಣಿಗಳಲ್ಲಿ ಬರುತ್ತಿದ್ದುದನ್ನು ಗ್ರೀಕ್ ಇತಿಹಾಸಕಾರ ಹೆರೊಡೋಟಸ್ ವರ್ಣಿಸಿದ್ದಾನೆ.

‘ಈಜಿಪ್ಟಿನವರು ಪ್ರಾಣಿಪೂಜಕರು’ ಎಂಬ ಮಾತು ಹಿಂದಿನಿಂದಲೂ ಇದೆ, ಆದರೆ ಅದು ಅರ್ಧಸತ್ಯ. ಬೆಕ್ಕುಗಳೆಲ್ಲ ದೇವರಲ್ಲ, ಹೋರಿಗಳೆಲ್ಲ ದೇವರಲ್ಲ. ಮೆಂಫಿಸ್ ನಗರದ ಆಪಿಸ್ ಹೋರಿಯನ್ನೇ ನೋಡಬಹುದು. ಒಂದು ಕಾಲಕ್ಕೆ ಒಂದೇ ಆಪಿಸ್. ಹೆರೊಡೋಟಸ್ ಹೇಳುವಂತೆ ಅದರ ಮೈ ಕಪ್ಪಾಗಿರಬೇಕು, ಹಣೆಯ ಮೇಲೆ ಬಿಳಿ ಮಚ್ಚೆ, ಬೆನ್ನ ಮೇಲೆ ಹದ್ದಿನ ಆಕಾರ, ನಾಲಗೆಯಡಿ ಜೀರುಂಡೆಯಂಥ ಗುರುತು ಇರಬೇಕು. ಹಳೆಯ ಆಪಿಸ್ ಸತ್ತ ಮೇಲೆ ಇಂಥ ಲಕ್ಷಣಗಳ ಕರುವನ್ನು ಪುರೋಹಿತರು ಹುಡುಕಿ ತರುತ್ತಿದ್ದರು. ಅದು ಬದುಕಿರುವಷ್ಟು ಕಾಲ ಪ್ತಾ ದೇವರು ಅದರಲ್ಲಿ ನೆಲೆಸಿರುತ್ತಾನೆ ಎಂದು ನಂಬಿಕೆ. ಸತ್ತಾಗ ಅರಸನಿಗೆ ಮಾಡುವಂತೆ ಮಮ್ಮಿ ಮಾಡಿ ಸಕ್ಕಾರಾದ ನೆಲಮಾಳಿಗೆಯಲ್ಲಿ ಹೂಳುತ್ತಿದ್ದರು. ಸೆರಾಪಿಯಮ್ ಎಂಬ ಈ ಸಮಾಧಿಯೊಳಕ್ಕೆ ಫ್ರಾನ್ಸಿನ ಪುರಾತತ್ವಜ್ಞ ಒಗೂಸ್ತ್ ಮಾರಿಯೆಟ್ 1851ರಲ್ಲಿ ಇಳಿದಾಗ, ಹತ್ತಾರು ಟನ್ ತೂಗುವ ಕಲ್ಲಿನ ಶವಪೆಟ್ಟಿಗೆಗಳು ಸಾಲಾಗಿ ನಿಂತಿದ್ದವು.

ಹರಕೆಯ ಪ್ರಾಣಿಗಳ ಕಥೆ ಇದಕ್ಕೆ ತದ್ವಿರುದ್ಧ. ಐಬಿಸ್, ಬೆಕ್ಕು, ನಾಯಿಗಳನ್ನು ದೇವಸ್ಥಾನಗಳ ಬಳಿ ಸಾಕಿ, ಕೊಂದು, ಬಟ್ಟೆ ಸುತ್ತಿ ಭಕ್ತರಿಗೆ ಮಾರುತ್ತಿದ್ದರು; ಭಕ್ತರು ಅವನ್ನೇ ದೇವರಿಗೆ ಒಪ್ಪಿಸುತ್ತಿದ್ದರು. ಕತ್ತು ಮುರಿದ ಬೆಕ್ಕಿನ ಮರಿಗಳ ಮಮ್ಮಿಗಳು ಸಿಕ್ಕಿವೆ. ಮ್ಯಾಂಚೆಸ್ಟರಿನ ಸಂಶೋಧಕರು ನೂರಾರು ಮಮ್ಮಿಗಳನ್ನು ಎಕ್ಸ್‌ರೇ, ಸ್ಕ್ಯಾನ್ ಮಾಡಿ 2015ರಲ್ಲಿ ತಿಳಿಸಿದಂತೆ, ಸುಮಾರು ಮೂರನೇ ಒಂದು ಭಾಗದ ಗಂಟುಗಳೊಳಗೆ ಪ್ರಾಣಿಯ ಎಲುಬೇ ಇರಲಿಲ್ಲ. ಮಣ್ಣು, ಕಡ್ಡಿ, ಜೊಂಡು ತುಂಬಿತ್ತು. ಇದು ಮೋಸವೇ ಆಗಿತ್ತೆನ್ನಲು ಬರುವುದಿಲ್ಲ. ಪವಿತ್ರ ಸ್ಥಳದ ಚೂರೊಂದಿದ್ದರೆ ಸಾಕೆಂದು ಭಾವಿಸಿರಲೂಬಹುದು. 1890ರಲ್ಲಿ ಲಿವರ್‌ಪೂಲಿಗೆ ಹಡಗಿನಲ್ಲಿ ಬಂದ ಬೆಕ್ಕಿನ ಮಮ್ಮಿಗಳು ಗೊಬ್ಬರಕ್ಕಾಗಿ ಹರಾಜಾದವು.

ಗ್ರೀಸಿನಲ್ಲಿ ಜ್ಯೂಸ್‌ಗೆ ಹದ್ದು, ಅಫ್ರೊಡೈಟಿಗೆ ಪಾರಿವಾಳ, ಪೊಸೈಡಾನ್‌ಗೆ ಕುದುರೆ, ಡಯೊನೈಸಸ್‌ಗೆ ಚಿರತೆ. ನಮ್ಮಲ್ಲಿ ಅಪಶಕುನವೆನಿಸಿದ ಗೂಬೆ ಅಲ್ಲಿ ಜ್ಞಾನದೇವತೆ ಅಥೆನಾಳ ಹಕ್ಕಿ. ಅಥೆನ್ಸಿನ ಬೆಳ್ಳಿ ನಾಣ್ಯದ ಒಂದು ಮಗ್ಗುಲಲ್ಲಿ ದೇವಿಯ ಮುಖ, ಇನ್ನೊಂದರಲ್ಲಿ ಗೂಬೆ. ಜನ ಆ ನಾಣ್ಯವನ್ನೇ ‘ಗೂಬೆ’ ಎಂದು ಕರೆಯುತ್ತಿದ್ದರು. ಗ್ರೀಸಿನ ಇಂದಿನ 1 ಯೂರೋ ನಾಣ್ಯದ ಮೇಲೂ ಅದೇ ಚಿತ್ರವಿದೆ.

ಗ್ರೀಕ್ ದೇವರುಗಳು ಪ್ರಾಣಿರೂಪ ತಾಳುವುದು ಹೆಚ್ಚಾಗಿ ಉಪಾಯಕ್ಕೆ: ಜ್ಯೂಸ್ ಹೋರಿಯಾಗಿ ಯೂರೋಪಾಳನ್ನು ಹೊತ್ತೊಯ್ದ, ಹಂಸವಾಗಿ ಲೀಡಾಳನ್ನು ಸೇರಿದ. ಆದರೂ ಹಳೆಯ ಪದರಗಳು ಅಲ್ಲಲ್ಲಿ ಇಣುಕುತ್ತವೆ. ಹೋಮರ್ ಹೀರಾಳನ್ನು ಹಸುಗಣ್ಣಿನವಳು ಎನ್ನುತ್ತಾನೆ. ಆರ್ಕೇಡಿಯಾದ ಫಿಗಾಲಿಯಾದಲ್ಲಿ ದಿಮೀಟರ್ ದೇವಿಗೆ ಕುದುರೆಯ ತಲೆಯ ವಿಗ್ರಹವಿತ್ತೆಂದು ಕ್ರಿ.ಶ. 2ನೇ ಶತಮಾನದ ಗ್ರೀಕ್ ಪ್ರವಾಸ ಲೇಖಕ ಪೌಸೇನಿಯಸ್ ದಾಖಲಿಸಿದ್ದಾನೆ. ಬ್ರಾರಾನ್‌ನಲ್ಲಿ ಆರ್ಟೆಮಿಸ್ ದೇವಿಯ ಸೇವೆಗೆ ನಿಂತ ಅಥೆನ್ಸಿನ ಹುಡುಗಿಯರನ್ನು ‘ಕರಡಿಗಳು’ ಎನ್ನುತ್ತಿದ್ದರು.

ಈಜಿಪ್ಟಿನ ಪ್ರಾಣಿಮುಖಗಳನ್ನು ಅರ್ಥಮಾಡಿಕೊಳ್ಳಲು ಗ್ರೀಕರು ಕಥೆಯನ್ನೂ ಕಟ್ಟಿದರು. ಟೈಫಾನ್ ಎಂಬ ದೈತ್ಯನಿಗೆ ಹೆದರಿ ದೇವತೆಗಳು ಈಜಿಪ್ಟಿಗೆ ಓಡಿ ಪ್ರಾಣಿಗಳಾಗಿ ಅಡಗಿದರಂತೆ: ಆರ್ಟೆಮಿಸ್ ಬೆಕ್ಕಾದಳು, ಹರ್ಮಿಸ್ ಐಬಿಸ್ ಆದ. ಬೆಕ್ಕಿನ ಬಾಸ್ಟೆಟ್ ಮತ್ತು ಐಬಿಸ್‌ನ ಥಾತ್ ಜೊತೆ ಇವರನ್ನು ಗ್ರೀಕರು ಮೊದಲೇ ಸಮೀಕರಿಸಿದ್ದರಿಂದ ಲೆಕ್ಕ ಸರಿಹೊಂದಿತು. ಅಲೆಕ್ಸಾಂಡರನ ನಂತರ ಈಜಿಪ್ಟನ್ನು ಆಳಿದ 1ನೇ ಟಾಲೆಮಿಯ ಕಾಲದಲ್ಲಿ ಬೆಳೆದ ಸೆರಾಪಿಸ್ ದೇವರ ಹೆಸರು ಈಜಿಪ್ಟಿನ ಸತ್ತವರ ದೇವರು ಒಸಿರಿಸ್ ಮತ್ತು ಆಪಿಸ್ ಹೆಸರುಗಳು ಸೇರಿ ಆದದ್ದು. ವಿಗ್ರಹದಲ್ಲಿ ಮಾತ್ರ ಹೋರಿಯಿಲ್ಲ, ಇರುವುದು ಗಡ್ಡಧಾರಿ ಗ್ರೀಕ್ ಪುರುಷ. ಅಲೆಕ್ಸಾಂಡ್ರಿಯಾದಲ್ಲಿದ್ದ ಅವನ ದೊಡ್ಡ ದೇವಾಲಯವನ್ನು ಕ್ರಿ.ಶ. 391ರ ಸುಮಾರಿಗೆ ಕ್ರೈಸ್ತರು ಕೆಡವಿದರು.